ಗೇಮ್ ಎಲ್ಲೂ ಹೋಗಿಲ್ಲ, ಹಳೆ ಇಮೇಲ್ ಹುಡುಕಿ

ಮೇ ತಿಂಗಳ ಸಿಡಿಲಿಗೆ ರೂಟರ್ ಸುಟ್ಟುಕೊಂಡವರು ಮೊದಲು ಬರುತ್ತಾರೆ. ಜೂನ್ ಹೊತ್ತಿಗೆ ಥಂಡಿ ಹಿಡಿದು ಆನ್ ಆಗದ ಸಿಪಿಯುಗಳು. ಒಳಗೆ ಇರುವೆ ಗೂಡು ಕಟ್ಟಿದ್ದೂ ಉಂಟು. ಶಿರಸಿಯಲ್ಲಿ ಕಂಪ್ಯೂಟರ್ ರಿಪೇರಿ ಅಂಗಡಿ ಇಟ್ಟವರಿಗೆ ಇದೆಲ್ಲ ಮಾಮೂಲಿ. ನನಗೆ ತಲೆ ಕೆಡುವುದು ಹಾರ್ಡ್ ಡಿಸ್ಕ್ ಅಳಿಸಿ (ಅದೇ ಫಾರ್ಮ್ಯಾಟ್) ವಿಂಡೋಸ್ ಹೊಸದಾಗಿ ಹಾಕಿ ಕೊಟ್ಟ ಮರುದಿನ ಬರುವ ಫೋನಿಗೆ. "ನೀವು ಫಾರ್ಮ್ಯಾಟ್ ಮಾಡಿದ್ದಕ್ಕೆ ಮಾಣಿದು ಗೇಮೆಲ್ಲ ಹೋತಡ. ದುಡ್ಡು ಕೊಟ್ಟು ತಗಂಡಿದ್ದಡ." (ಮಾಣಿ ಅಂದರೆ ನಮ್ಮ ಕಡೆ ಹುಡುಗ.)

ಹೋಗಿಲ್ಲ ಮಾರಾಯ್ರೆ. ತೋಟ ಯಾರದ್ದು ಅಂತ ಯಾರಾದರೂ ಕೇಳಿದರೆ ಅಡಿಕೆ ಮರ ಎಣಿಸಿ ತೋರಿಸ್ತೀರಾ? ಪಹಣಿ ತೆಗೆದು ತೋರಿಸ್ತೀರಿ, ಅಲ್ವಾ? ಸ್ಟೀಮ್, ಎಪಿಕ್ ಗೇಮ್ಸ್‌ನಂಥ ಆನ್‌ಲೈನ್ ಗೇಮ್ ಅಂಗಡಿಗಳಲ್ಲಿ ಕೊಂಡ ಗೇಮಿನ ಲೆಕ್ಕವೂ ಅಷ್ಟೇ. ಕಂಪ್ಯೂಟರಿನಲ್ಲಿ ಇನ್‌ಸ್ಟಾಲ್ ಆಗಿ ಕೂತಿರುವುದು ಬರೀ ಫೈಲು. ಅಳಿಸಿದರೆ ಮತ್ತೆ ಇಳಿಸಿಕೊಂಡರಾಯಿತು, ಅದಕ್ಕೆ ಮತ್ತೆ ದುಡ್ಡಿಲ್ಲ. ಈ ಗೇಮ್ ಇಂಥವರು ಕೊಂಡಿದ್ದಾರೆ ಎಂಬ ದಾಖಲೆ ಕಂಪನಿಯ ಸರ್ವರಿನಲ್ಲಿ, ಒಂದು ಅಕೌಂಟಿನ ಹೆಸರಲ್ಲಿ ಇರುತ್ತದೆ. ನಾನು ಹಾರ್ಡ್ ಡಿಸ್ಕ್ ಫಾರ್ಮ್ಯಾಟ್ ಮಾಡಿದರೆ ಅದಕ್ಕೆ ಏನೂ ಆಗುವುದಿಲ್ಲ.

ಇಷ್ಟು ಹೇಳಿದಾಗ ಎಲ್ಲರೂ ತಲೆಯಾಡಿಸುತ್ತಾರೆ. ಮನೆಗೆ ಹೋಗಿ ಸ್ಟೀಮ್ ಇನ್‌ಸ್ಟಾಲ್ ಮಾಡುತ್ತಾರೆ. ಅದು ಹೆಸರು, ಪಾಸ್‌ವರ್ಡ್ ಕೇಳುತ್ತದೆ. ನೆನಪಿಲ್ಲ. ಅಲ್ಲೇ ಕೆಳಗೆ ಹೊಸ ಅಕೌಂಟ್ ಮಾಡುವ ಬಟನ್ ಕಾಣುತ್ತದೆ. ಒತ್ತಿಬಿಡುತ್ತಾರೆ. ಒಳಗೆ ಹೋದರೆ ಲೈಬ್ರರಿ, ಅಂದರೆ ಕೊಂಡ ಗೇಮುಗಳ ಪಟ್ಟಿ, ಖಾಲಿ. ಮತ್ತೆ ನನಗೆ ಫೋನು: "ನೀವು ಹೇಳಿದ ಹಾಗೇ ಮಾಡಿದ್ವಿ, ಏನೂ ಇಲ್ಲ."

ಹೊಸ ಅಕೌಂಟ್ ಮಾಡಿ ಅಂತ ನಾನು ಹೇಳಿಯೇ ಇಲ್ಲ. ಯಾವತ್ತೂ ಹೇಳುವುದಿಲ್ಲ. ಹೊಸ ಅಕೌಂಟ್ ಅಂದರೆ ಕಂಪನಿಯ ಲೆಕ್ಕದಲ್ಲಿ ಹೊಸ ಮನುಷ್ಯ. ಅವನು ಏನೂ ಕೊಂಡಿಲ್ಲ, ಹಾಗಾಗಿ ಏನೂ ಕಾಣುವುದಿಲ್ಲ. ಅದೇ ಹುಡುಗ, ಅದೇ ಮನೆ, ಅದೇ ಕಂಪ್ಯೂಟರ್ ಎನ್ನುವುದು ಅವರಿಗೆ ಗೊತ್ತಾಗುವುದೂ ಇಲ್ಲ, ಬೇಕಾಗಿಯೂ ಇಲ್ಲ. ಪಾಸ್‌ವರ್ಡ್ ಮರೆತಿದ್ದು ಸಣ್ಣ ಸಮಸ್ಯೆ. ಯಾವ ಅಕೌಂಟ್ ಅನ್ನುವುದನ್ನೇ ಮರೆತರೆ ಅದು ದೊಡ್ಡದು. ಪ್ರತಿ ಫಾರ್ಮ್ಯಾಟಿಗೆ ಒಂದೊಂದು ಹೊಸ ಅಕೌಂಟ್ ಮಾಡುತ್ತ ಹೋದವರ ಮನೆಯಲ್ಲಿ ಒಂದು ಗೇಮ್ ಒಂದರಲ್ಲಿ, ಇನ್ನೊಂದು ಮತ್ತೊಂದರಲ್ಲಿ ಇರುತ್ತದೆ. ಬಿಡಿಸಿ ಕೊಡುವಷ್ಟರಲ್ಲಿ ನನಗೆ ಮಧ್ಯಾಹ್ನದ ಊಟ ತಪ್ಪಿರುತ್ತದೆ.

ಎಪಿಕ್‌ನಲ್ಲಿ ಇನ್ನೂ ಮಜಾ. ಗೂಗಲ್, ಫೇಸ್‌ಬುಕ್, ಎಕ್ಸ್‌ಬಾಕ್ಸ್, ಆಪಲ್ ಅಂತ ಲಾಗಿನ್ ಬಟನ್‌ಗಳು ಸಾಲಾಗಿ ಕೂತಿರುತ್ತವೆ. ಮೊದಲ ಸಲ ಗೂಗಲ್ ಒತ್ತಿದವನು ಎರಡನೇ ಸಲ ಫೇಸ್‌ಬುಕ್ ಒತ್ತುತ್ತಾನೆ. ಅಲ್ಲಿಯ ಇಮೇಲ್ ಬೇರೆಯಿದ್ದರೆ ಗೊತ್ತಿಲ್ಲದೇ ಇನ್ನೊಂದು ಅಕೌಂಟ್ ತಯಾರು. 2020ರ ಮೇ ತಿಂಗಳಲ್ಲಿ ಎಪಿಕ್ ಜಿಟಿಎ 5 ಎಂಬ ಗೇಮನ್ನು ಪುಕ್ಕಟೆ ಕೊಟ್ಟಿತ್ತು. ಲಾಕ್‌ಡೌನ್ ಸಮಯ, ಮಕ್ಕಳೆಲ್ಲ ಮನೆಯಲ್ಲೇ. ಆಗ ತಗೊಂಡವರು ಈ ಕಡೆ ಬಹಳ ಜನ ಇದ್ದಾರೆ. ಯಾವ ಅಕೌಂಟಿನಲ್ಲಿ ತಗೊಂಡಿದ್ದು ಅಂತ ಕೇಳಿದರೆ ಅಪ್ಪ ಮಗ ಇಬ್ಬರೂ ಮುಖ ಮುಖ ನೋಡಿಕೊಳ್ಳುತ್ತಾರೆ. ಅದರ ಮೇಲೆ ಆ ಗೇಮ್ ಆಡಲು ಅದನ್ನು ಮಾಡಿದ ರಾಕ್‌ಸ್ಟಾರ್ ಕಂಪನಿಯ ಅಕೌಂಟೂ ಬೇಕು. ಅದರ ಪಾಸ್‌ವರ್ಡ್ ಇನ್ನೊಂದು.

ಹಳೆ ಅಕೌಂಟ್ ಹುಡುಕುವಾಗ ನಾನು ಮೊದಲು ಕಂಪ್ಯೂಟರ್ ಮುಟ್ಟುವುದೇ ಇಲ್ಲ. ಮನೆಯವರ ಮೊಬೈಲ್ ತೆಗೆಯಿರಿ ಅನ್ನುತ್ತೇನೆ. ಗೇಮ್ ಕೊಂಡಾಗ ಇಮೇಲಿಗೆ ರಸೀದಿ ಬಂದಿರುತ್ತದೆ. ಜಿಮೇಲಿನ ಹುಡುಕುವ ಜಾಗದಲ್ಲಿ ಸ್ಟೀಮ್, ಎಪಿಕ್, ಹೀಗೆ ಅಂಗಡಿಯ ಹೆಸರನ್ನು ಇಂಗ್ಲಿಷ್ ಅಕ್ಷರದಲ್ಲಿ ಹಾಕಿ ನೋಡಬೇಕು. ಸ್ಪ್ಯಾಮ್ ಫೋಲ್ಡರನ್ನೂ ಬಿಡಬಾರದು. ಸ್ಟೀಮ್‌ನಲ್ಲಿ ಒಂದು ಕಿತಾಪತಿ ಇದೆ: ಲಾಗಿನ್ ಆಗುವ ಹೆಸರು ಬೇರೆ, ಇಮೇಲ್ ಬೇರೆ, ಆಟದಲ್ಲಿ ಗೆಳೆಯರಿಗೆ ಕಾಣುವ ಹೆಸರು ಇನ್ನೂ ಬೇರೆ. ಮಕ್ಕಳಿಗೆ ಮೂರನೆಯದು ಮಾತ್ರ ನೆನಪಿರುತ್ತದೆ, ಅದು ಲಾಗಿನ್ ಆಗಲು ಉಪಯೋಗಕ್ಕೆ ಬರುವುದಿಲ್ಲ. ಸ್ಟೀಮ್‌ನ ಸಹಾಯದ ಪುಟದಲ್ಲಿ ಇಮೇಲ್ ಅಥವಾ ಫೋನ್ ನಂಬರ್ ಕೊಟ್ಟರೆ ಅದಕ್ಕೆ ಸೇರಿದ ಅಕೌಂಟ್ ಹುಡುಕಿಕೊಡುತ್ತದೆ. ಒಂದೇ ಇಮೇಲಿಗೆ ಎರಡು ಮೂರು ಅಕೌಂಟ್ ಇರುವುದೂ ಉಂಟು. ಒಂದನ್ನು ನೋಡಿ ಖಾಲಿ ಅಂತ ಕೈಬಿಡಬೇಡಿ.

ಯಾರ ಇಮೇಲ್ ಅನ್ನುವುದೇ ಮುಖ್ಯ. ಹುಲೇಕಲ್ ಕಡೆಯ ಹೆಗಡೇರೊಬ್ಬರು ಮಗನನ್ನು ಕರೆದುಕೊಂಡು ಬಂದಿದ್ದರು. ಹತ್ತನೇ ಕ್ಲಾಸಿನ ಮಾಣಿ, ಅಳುವುದೊಂದು ಬಾಕಿ. ಅಪ್ಪನ ಮೇಲ್ ನೋಡಿದೆವು, ಇಲ್ಲ. ಮಾಣಿಯದ್ದು, ಇಲ್ಲ. ಅಮ್ಮನಿಗೆ ಫೋನ್ ಮಾಡಿ ನೋಡಿಸಿದೆವು, ಅಲ್ಲೂ ಇಲ್ಲ. ಕೊನೆಗೆ ಹೆಗಡೇರ ಯುಪಿಐ ಲೆಕ್ಕ ತೆಗೆದೆವು. ದುಡ್ಡು ಹೋಗಿದ್ದೇನೋ ನಿಜ. ಆದರೆ ಅಲ್ಲಿ ಸ್ಟೀಮ್ ಅಂತ ಇರಲಿಲ್ಲ, ನಡುವಿನ ಯಾವುದೋ ಪಾವತಿ ಕಂಪನಿಯ ಹೆಸರಿತ್ತು. ಹೀಗೆ ಬರುವುದುಂಟು. ನೋಡಬೇಕಾದ್ದು ತಾರೀಕು. ತಾರೀಕು ದೊಡ್ಡಹಬ್ಬದ್ದು, ಅಂದರೆ ದೀಪಾವಳಿಯದ್ದು. "ಹಬ್ಬಕ್ಕೆ ಮನೆಗೆ ಯಾರು ಬಂದಿದ್ರು?" ಅಂತ ಕೇಳಿದೆ. ಅಪ್ಪ ಮಗ ಇಬ್ಬರೂ ಒಟ್ಟಿಗೇ ಅಂದರು, "ಅಕ್ಕ!"

ಅಕ್ಕ ಬೆಂಗಳೂರಿನಲ್ಲಿ ಕೆಲಸದಲ್ಲಿದ್ದಳು. ಫೋನ್ ಮಾಡಿದರೆ ನಕ್ಕಳು. ಹೌದು, ಅವಳೇ ಮಾಡಿಕೊಟ್ಟಿದ್ದು, ತನ್ನ ಕಾಲೇಜಿನ ಇಮೇಲಿನಲ್ಲಿ. ಕೋರ್ಸ್ ಮುಗಿದ ಮೇಲೆ ಕಾಲೇಜು ಆ ಇಮೇಲ್ ಬಂದ್ ಮಾಡಿದೆ. ಅಂದರೆ ಪಾಸ್‌ವರ್ಡ್ ಬದಲಿಸುವ ಕೋಡ್ ಬಂದರೂ ತೆರೆದು ನೋಡುವ ಹಾಗಿಲ್ಲ. ಪುಣ್ಯಕ್ಕೆ ಅಕೌಂಟಿಗೆ ಹೆಗಡೇರ ಮೊಬೈಲ್ ನಂಬರ್ ಕೊಟ್ಟಿದ್ದಳು. ಅದೇ ನಂಬರ್ ಹಾಕಿ ನೋಡಿದೆವು. ಕೌಂಟರ್ ಮೇಲೆ ಇಟ್ಟಿದ್ದ ಹೆಗಡೇರ ಮೊಬೈಲಿಗೆ ಟಣ್ ಅಂತ ಮೆಸೇಜ್ ಬಂತು. ಮಾಣಿ ಕೋಡ್ ಹೊಡೆದ. ಲೈಬ್ರರಿಯಲ್ಲಿ ಎಲ್ಲ ಇತ್ತು. ಮೊದಲ ಕೆಲಸವೇ ಇಮೇಲ್ ಬದಲಾಯಿಸಿದ್ದು. ಅಷ್ಟು ಹೊತ್ತು ಬಿಡಿಸಿ ಬಿಡಿಸಿ ಹೇಳಿದ್ದನ್ನೆಲ್ಲ ಕೇಳಿಸಿಕೊಂಡ ಹೆಗಡೇರು ಹೊರಡುವಾಗ ಕೇಳಿದರು, "ಅಂದ್ರೆ ಗೇಮು ಇಷ್ಟು ದಿನ ಯನ್ನ ಮೊಬೈಲಲ್ಲಿ ಇತ್ತಾ?"

ಎಲ್ಲರಿಗೂ ಹೀಗೆ ಸಲೀಸಾಗಿ ಸಿಗುತ್ತದೆ ಅಂತ ನಾನು ಮಾತು ಕೊಡಲಾರೆ. ನಮ್ಮ ಹಳ್ಳಿಗಳಲ್ಲಿ ರೇಂಜ್ ಎಲ್ಲಿ ಸಿಗುತ್ತದೋ ಆ ಕಂಪನಿಗೆ ಸಿಮ್ ಬದಲಾಯಿಸುತ್ತಾರೆ. ನಂಬರ್ ಉಳಿಸಿಕೊಂಡು ಪೋರ್ಟ್ ಮಾಡಿದರೆ ತೊಂದರೆಯಿಲ್ಲ. ಹಳೆ ನಂಬರನ್ನು ಸುಮ್ನೆ ಬಿಟ್ಟರೆ ಕೆಲವು ತಿಂಗಳ ಮೇಲೆ ಅದು ಬೇರೆ ಯಾರಿಗೋ ಹೋಗುತ್ತದೆ. ಓಟಿಪಿಯೂ ಅವರಿಗೇ. ಗೇಮಿಗೆ ಅಂತಲೇ ಒಂದು ಜಿಮೇಲ್ ಮಾಡಿ ಮರೆತವರಿಗೂ ಅಪಾಯವಿದೆ. ಎರಡು ವರ್ಷ ಬಳಸದ ಅಕೌಂಟನ್ನು ಗೂಗಲ್ ಅಳಿಸಬಹುದು. 2023ರ ಡಿಸೆಂಬರಿನಿಂದ ಆ ನಿಯಮ ಜಾರಿಯಲ್ಲಿದೆ. ಎಲ್ಲ ದಾರಿ ಮುಚ್ಚಿದರೆ ಸ್ಟೀಮ್ ಸಪೋರ್ಟಿಗೆ ಬರೆಯಬೇಕು. ದುಡ್ಡು ಕೊಟ್ಟ ದಾಖಲೆ ಕೇಳುತ್ತಾರೆ, ಹಳೆ ರಸೀದಿ ಇಟ್ಟುಕೊಂಡವರು ಗೆದ್ದರು. ಅಕೌಂಟ್ ವಾಪಸ್ ತಂದುಕೊಡುತ್ತೇವೆ ಅಂತ ವಾಟ್ಸ್ಆ್ಯಪಿನಲ್ಲಿ ದುಡ್ಡು ಕೇಳುವವರಿಗೆ ದಯವಿಟ್ಟು ಒಂದು ಪೈಸೆಯನ್ನೂ ಕೊಡಬೇಡಿ.

ಇನ್ನೊಂದು, ಇದನ್ನು ನಮ್ಮ ಕಸುಬಿನವರ ಮೇಲೇ ಹೇಳಬೇಕು. ಕಂಪ್ಯೂಟರ್ ಜೋಡಿಸಿ ಕೊಡುವಾಗ ಕೆಲವರು ಗಿರಾಕಿಯ ಇಮೇಲ್ ಕೇಳುವ ತಾಪತ್ರಯ ಯಾಕೆ ಅಂತ ಅಂಗಡಿಯ ಇಮೇಲನ್ನೇ ಹಾಕಿಬಿಡುತ್ತಾರೆ. ಆಮೇಲೆ ಆ ಇಮೇಲ್ ನೋಡಿಕೊಳ್ಳುವ ಅಂಗಡಿ ಹುಡುಗ ಕೆಲಸ ಬಿಟ್ಟು ಹುಬ್ಬಳ್ಳಿಗೆ ಹೋದರೆ ಮುಗೀತು. ಹೊಸ ಕಂಪ್ಯೂಟರ್ ತಗೊಳ್ಳುವಾಗ ನಿಮ್ಮ ಇಮೇಲನ್ನು ನೀವೇ ಟೈಪ್ ಮಾಡಿ. ಪಾಸ್‌ವರ್ಡನ್ನೂ ಅಷ್ಟೇ, ನನಗೂ ಹೇಳಬೇಡಿ. ಕೀಬೋರ್ಡನ್ನು ನಿಮ್ಮ ಕಡೆ ತಿರುಗಿಸಿ ನಾನು ಆಚೆ ನೋಡುತ್ತೇನೆ.

ಸರಿಯಾದ ಅಕೌಂಟಿಗೆ ಹೋದ ಮೇಲೂ "ಒಂದೇ ಗೇಮ್ ಇದೆ, ಉಳಿದದ್ದಿಲ್ಲ" ಅನ್ನುವವರಿದ್ದಾರೆ. ಸ್ಟೀಮ್ ಲೈಬ್ರರಿಯಲ್ಲಿ ಇನ್‌ಸ್ಟಾಲ್ ಆದ ಗೇಮಿನ ಹೆಸರು ಬೆಳ್ಳಗೆ ಕಾಣುತ್ತದೆ, ಆಗದೇ ಇದ್ದದ್ದು ಬೂದು ಬಣ್ಣದಲ್ಲಿ ಮಸುಕಾಗಿರುತ್ತದೆ. ಮಸುಕು ಕಂಡರೆ ಹೋಯ್ತು ಅಂತಲ್ಲ, ಇಳಿಸಿಲ್ಲ ಅಂತ. ಪಟ್ಟಿಯ ಮೇಲೆ ತ್ರಿಕೋನದ ಸಣ್ಣ ಗುರುತೊಂದಿದೆ. ಕೈತಪ್ಪಿ ಅದನ್ನು ಒತ್ತಿದರೆ ಈಗಲೇ ಆಡಲು ಸಿದ್ಧವಿರುವ ಗೇಮ್ ಮಾತ್ರ ತೋರಿಸಿ ಉಳಿದದ್ದನ್ನೆಲ್ಲ ಮರೆಮಾಡುತ್ತದೆ. ಮತ್ತೊಮ್ಮೆ ಒತ್ತಿದರೆ ಎಲ್ಲ ವಾಪಸ್. ಅಡಗಿಸಿಟ್ಟ ಗೇಮುಗಳಿಗೆ ಮೇಲಿನ ವ್ಯೂ ಮೆನುವಿನಲ್ಲಿ ಬೇರೆ ಜಾಗವೇ ಇದೆ. ಪರೀಕ್ಷೆ ಹೊತ್ತಿಗೆ ಅಮ್ಮನಿಗೆ ಕಾಣಬಾರದು ಅಂತ ಅಡಗಿಸಿಟ್ಟು, ಆಮೇಲೆ ತಾವೇ ಮರೆತವರನ್ನೂ ನೋಡಿದ್ದೇನೆ. ಈ ಮೆನುಗಳ ಜಾಗ ಆಗಾಗ ಬದಲಾಗುತ್ತದೆ, ಹೇಳಿದಲ್ಲಿ ಸಿಗದಿದ್ದರೆ ಅಕ್ಕಪಕ್ಕ ನೋಡಿ.

ಕಾರವಾರದ ಗಿರಾಕಿಗಳದ್ದು ಬೇರೆ ಕಥೆ. ಉಪ್ಪುಗಾಳಿಗೆ ಮದರ್‌ಬೋರ್ಡ್ ಕಿಲುಬು ಹಿಡಿದಿರುತ್ತದೆ, ಹಾರ್ಡ್ ಡಿಸ್ಕ್ ಮಾತ್ರ ಚೆನ್ನಾಗಿರುತ್ತದೆ. ನೌಕಾನೆಲೆ, ಕೈಗಾ ಅಂತ ವರ್ಗವಾಗಿ ಓಡಾಡುವ ಕುಟುಂಬಗಳು ಹಳೆ ಡಿಸ್ಕನ್ನು ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿಕೊಂಡು ತರುತ್ತಾರೆ. ಅದನ್ನು ಕೇಬಲ್ ಹಾಕಿ ತೆರೆದರೆ ಸ್ಟೀಮ್‌ಆಪ್ಸ್ ಎಂಬ ಫೋಲ್ಡರ್, ಅದರೊಳಗೆ ಕಾಮನ್, ಅದರೊಳಗೆ ಒಂದೊಂದು ಗೇಮಿಗೆ ಒಂದೊಂದು ಫೋಲ್ಡರ್. ಇದನ್ನು ಎಸೆಯಬೇಡಿ. ಫೈಲ್ ಇದ್ದಮಾತ್ರಕ್ಕೆ ಹೆಚ್ಚಿನ ಗೇಮ್ ಓಡುವುದಿಲ್ಲ, ಲಾಗಿನ್ ಬೇಕು. ಆದರೆ ಡೌನ್‌ಲೋಡ್ ಉಳಿಯುತ್ತದೆ. 100 ಜಿಬಿ ಗೇಮನ್ನು 10 ಎಂಬಿಪಿಎಸ್ ಲೈನಿನಲ್ಲಿ ಇಳಿಸಲು, ಪೂರ್ತಿ ಸ್ಪೀಡ್ ಸಿಕ್ಕಿದರೂ, 22 ಗಂಟೆ ಬೇಕು. ಆಷಾಢದ ಮಳೆಯಲ್ಲಿ 22 ಗಂಟೆ ಒಂದೇ ಸಮ ಕರೆಂಟ್ ಇರುವ ಊರು ಘಟ್ಟದ ಮೇಲೆ ಯಾವುದಿದೆ ಹೇಳಿ? ಸ್ಟೀಮ್ ಸೆಟ್ಟಿಂಗ್ಸ್‌ನ ಸ್ಟೋರೇಜ್‌ನಲ್ಲಿ ಆ ಡ್ರೈವ್ ಸೇರಿಸಿದರೆ ಇರುವ ಗೇಮುಗಳನ್ನು ಅದೇ ಗುರುತಿಸುತ್ತದೆ. ಡಿ ಡ್ರೈವಿನಲ್ಲಿ ಗೇಮ್ ಇಟ್ಟು ಸಿ ಮಾತ್ರ ಫಾರ್ಮ್ಯಾಟ್ ಮಾಡಿಸಿದವರಿಗೂ ಇದೇ ದಾರಿ. ಎಪಿಕ್‌ನಲ್ಲಿ ಇಷ್ಟು ಸಲೀಸಲ್ಲ.

ಆಟ ಎಲ್ಲಿಗೆ ಬಂದಿತ್ತು ಅನ್ನುವ ಲೆಕ್ಕ, ಮಕ್ಕಳು ಸೇವ್ ಅನ್ನುವುದು, ಅದು ಬೇರೆ ವಿಷಯ. ಕೆಲವು ಗೇಮುಗಳದ್ದು ಕ್ಲೌಡ್‌ನಲ್ಲಿ, ಅಂದರೆ ಕಂಪನಿಯ ಸರ್ವರಿನಲ್ಲಿ, ಉಳಿಯುತ್ತದೆ, ಕೆಲವದ್ದು ಡಾಕ್ಯುಮೆಂಟ್ಸ್ ಫೋಲ್ಡರಿನಲ್ಲೋ ವಿಂಡೋಸ್ ಅಡಗಿಸಿಟ್ಟ ಫೋಲ್ಡರಿನಲ್ಲೋ ಇರುತ್ತದೆ. ಅದನ್ನು ಫಾರ್ಮ್ಯಾಟಿಗೆ ಮೊದಲೇ ಹೇಳಿ. ಆಮೇಲೆ ಹೇಳಿದರೆ ನನ್ನ ಕೈಯಲ್ಲಿಲ್ಲ.

ನಿಜವಾಗಿಯೂ ಹೋದದ್ದೂ ಇದೆ. ಮೈನ್‌ಕ್ರಾಫ್ಟ್ ಎಂಬ ಗೇಮನ್ನು ಅದನ್ನು ಮಾಡಿದ ಮೊಜಾಂಗ್ ಕಂಪನಿಯ ಹಳೆ ಅಕೌಂಟಿನಲ್ಲಿ ಕೊಂಡು, ಅದನ್ನು ಮೈಕ್ರೋಸಾಫ್ಟ್ ಅಕೌಂಟಿಗೆ ಬದಲಾಯಿಸದವರಿಗೆ 2023ರ ಸೆಪ್ಟೆಂಬರ್ 19 ಕೊನೆಯ ದಿನವಾಗಿತ್ತು. ಯುಬಿಸಾಫ್ಟ್‌ನ ದಿ ಕ್ರೂ ಎಂಬ ರೇಸಿಂಗ್ ಗೇಮಿನ ಸರ್ವರ್ 2024ರ ಮಾರ್ಚ್ 31ಕ್ಕೆ ಬಂದಾಯಿತು, ದುಡ್ಡು ಕೊಟ್ಟು ಕೊಂಡವರಿಗೂ ಆಟ ನಿಂತಿತು. ನಾವು ಕೊಳ್ಳುವುದು ಆಡುವ ಪರವಾನಗಿಯನ್ನು ಅಷ್ಟೇ. ಅಟ್ಟದ ಮೇಲಿನ ಹಳೆ ಸೀಡಿಗಳಲ್ಲಿ ಎಷ್ಟೋ ವಿಂಡೋಸ್ 10ರಲ್ಲಿ ಓಡುವುದಿಲ್ಲ. ಆ ಕಾಲದ ಕಾಪಿ ತಡೆಯುವ ವ್ಯವಸ್ಥೆಯನ್ನು ಮೈಕ್ರೋಸಾಫ್ಟೇ ತೆಗೆದುಹಾಕಿದೆ. ವಿಂಡೋಸ್ 7 ಇಟ್ಟುಕೊಂಡವರಿಗೆ 2024ರ ಜನವರಿಯಿಂದ ಸ್ಟೀಮ್ ಬೆಂಬಲವೂ ಇಲ್ಲ. ಅವರ ಗೇಮ್ ಅಕೌಂಟಿನಲ್ಲಿ ಭದ್ರವಾಗಿದೆ, ಕಂಪ್ಯೂಟರ್ ಬದಲಿಸಬೇಕು.

"ಎರಡು ಅಕೌಂಟ್ ಆಗೋಗಿದೆ, ಕೂಡಿಸಿ ಒಂದು ಮಾಡಿಕೊಡಿ" ಅಂತ ಕೇಳುತ್ತಾರೆ. ಸ್ಟೀಮ್‌ನಲ್ಲಿ ಅದಾಗುವುದಿಲ್ಲ, ಎಷ್ಟು ದುಡ್ಡು ಕೊಡ್ತೀನಿ ಅಂದರೂ ಆಗುವುದಿಲ್ಲ. ಆದರೆ 2024ರಲ್ಲಿ ಸ್ಟೀಮ್ ಫ್ಯಾಮಿಲಿ ಅಂತ ಒಂದು ವ್ಯವಸ್ಥೆ ಬಂದಿದೆ. ಒಂದೇ ಮನೆಯ 6 ಅಕೌಂಟಿನವರೆಗೆ ಸೇರಿಸಬಹುದು, ಒಬ್ಬರ ಗೇಮ್ ಉಳಿದವರಿಗೂ ಕಾಣುತ್ತದೆ. ಎಲ್ಲ ಗೇಮುಗಳಿಗೂ ಇದು ಅನ್ವಯಿಸದು. ಒಂದೇ ಪ್ರತಿ ಇದ್ದರೆ ಅಣ್ಣ ತಮ್ಮ ಒಂದೇ ಹೊತ್ತಿಗೆ ಆ ಗೇಮ್ ಆಡುವ ಹಾಗೂ ಇಲ್ಲ, ಆ ಜಗಳ ನೀವೇ ಬಗೆಹರಿಸಿಕೊಳ್ಳಿ. ಬಿಟ್ಟು ಹೋದವರು ಬೇರೆ ಫ್ಯಾಮಿಲಿ ಸೇರಬೇಕಾದರೆ ಮೊದಲಿನದಕ್ಕೆ ಸೇರಿ ಒಂದು ವರ್ಷ ಆಗಿರಬೇಕು, ಹಾಗಾಗಿ ಗೆಳೆಯರನ್ನೆಲ್ಲ ಸೇರಿಸಿಕೊಳ್ಳಬೇಡಿ. ಇನ್ನು ಗಾಬರಿಯಲ್ಲಿ ಹೊಸ ಅಕೌಂಟಿನಲ್ಲಿ ಅದೇ ಗೇಮನ್ನು ಎರಡನೇ ಸಲ ಕೊಂಡಿದ್ದರೆ, ಕೊಂಡು 14 ದಿನ ಆಗಿಲ್ಲ, ಆಡಿದ್ದು 2 ಗಂಟೆಗಿಂತ ಕಡಿಮೆ ಅಂತಾದರೆ ಸ್ಟೀಮ್ ಸಾಮಾನ್ಯವಾಗಿ ದುಡ್ಡು ವಾಪಸ್ ಕೊಡುತ್ತದೆ. ಹೊಸ ಅಕೌಂಟಿನ ಪಾಸ್‌ವರ್ಡ್ ಆದರೂ ನೆನಪಿದೆ ತಾನೆ?