ಬಾಲಂಗೋಚಿ ಇಲ್ಲದ ವಿಮಾನ

ಚಳ್ಳಕೆರೆ ಕಡೆ ಆಷಾಢದ ಗಾಳಿ ಅಂದರೆ ಒಣಗಲು ಹಾಕಿದ ಬಟ್ಟೆ ಪಕ್ಕದ ಬೀದಿಯಲ್ಲಿ ಸಿಗುತ್ತದೆ. ಚಿತ್ರದುರ್ಗದ ಗುಡ್ಡಗಳ ಮೇಲೆ ಗಾಳಿಯಂತ್ರಗಳು ಸಾಲಾಗಿ ನಿಂತಿರುವುದೂ ಈ ಗಾಳಿಯನ್ನು ನಂಬಿಕೊಂಡೇ. ನಾವು ಚಿಕ್ಕವರಿದ್ದಾಗ ಅದು ಗಾಳಿಪಟದ ಕಾಲ. ಹಳೇ ಪೇಪರು, ಪೊರಕೆ ಕಡ್ಡಿ, ಅಂಟಿಗೆ ಅನ್ನದ ಅಗುಳು. ಎಲ್ಲ ಸರಿಯಾಗಿ ಮಾಡಿ, ಸೂತ್ರವನ್ನೂ ಕಟ್ಟಿ, ಬಾಲಂಗೋಚಿ ಒಂದನ್ನು ಮರೆತರೆ ಮುಗೀತು. ಪಟ ಎರಡಾಳು ಎತ್ತರ ಹೋಗಿ, ಗಿರಗಿರ ತಿರುಗಿ, ಜಾಲಿ ಮುಳ್ಳಿಗೆ ಬೀಳುತ್ತಿತ್ತು. ಹಳೇ ಸೀರೆಯ ಅಂಚು ಹರಿದು ಎರಡು ಮೊಳ ಕಟ್ಟಿದರೆ ಅದೇ ಪಟ ದೊಡ್ಡ ಮನುಷ್ಯರ ಹಾಗೆ ಗಂಭೀರವಾಗಿ ನಿಲ್ಲುತ್ತಿತ್ತು.

ಅದೇ ಚಳ್ಳಕೆರೆ ತಾಲ್ಲೂಕಿನಲ್ಲಿ, ರಕ್ಷಣಾ ಸಂಶೋಧನಾ ಸಂಸ್ಥೆ ಡಿಆರ್‌ಡಿಒದ ವಿಮಾನ ಪರೀಕ್ಷಾ ನೆಲೆಯಲ್ಲಿ, 2023ರ ಡಿಸೆಂಬರ್ 15ರಂದು ಸುಮಾರು ಒಂದು ಟನ್ ತೂಕದ ವಿಮಾನವೊಂದು ಬಾಲವೇ ಇಲ್ಲದೆ ಹಾರಿತು. ಒಳಗೆ ಪೈಲಟ್ ಕೂಡ ಇರಲಿಲ್ಲ. ಚಿತ್ರ ನೋಡಿದರೆ ಯಾರೋ ರೆಕ್ಕೆ ಮಾತ್ರ ಕಿತ್ತು ಎಸೆದ ಹಾಗಿದೆ. ಯುದ್ಧವಿಮಾನದ ಕಥೆಯನ್ನು ಎಂಜಿನ್ ಹಿಡಿದು ಹೇಳುವವರಿದ್ದಾರೆ, ವೇಗ ಹಿಡಿದು ಹೇಳುವವರಿದ್ದಾರೆ. ನಾನು ಬಾಲ ಹಿಡಿದು ಹೇಳುತ್ತೇನೆ.

ಬಾಲದ ಕೆಲಸ ಸರಳ. ಬಾಣದ ಹಿಂದೆ ಗರಿ ಕಟ್ಟುತ್ತಾರಲ್ಲ, ಅದೇ. ಮೂತಿ ಒಂಚೂರು ಎಡಕ್ಕೆ ವಾಲಿದರೆ, ಹಿಂದಿನ ಗರಿಗೆ ಗಾಳಿ ಬಡಿದು ಮತ್ತೆ ನೆಟ್ಟಗೆ ಮಾಡುತ್ತದೆ. ವಿಮಾನದ ಬಾಲದಲ್ಲಿ ನೆಟ್ಟಗೆ ನಿಂತ ಹಲಗೆ ಅಡ್ಡಾದಿಡ್ಡಿ ತಿರುಗುವುದನ್ನು ತಡೆಯುತ್ತದೆ. ಮಲಗಿದ ಹಲಗೆ ಮೂತಿ ಮೇಲೆ ಕೆಳಗೆ ಆಡುವುದನ್ನು ತಡೆಯುತ್ತದೆ.

ತಮಾಷೆ ಅಂದರೆ 1903ರ ಡಿಸೆಂಬರ್ 17ರಂದು ಮೊದಲು ಹಾರಿದ ರೈಟ್ ಸಹೋದರರ ವಿಮಾನದಲ್ಲಿ ಆ ಮಲಗಿದ ಹಲಗೆ ಹಿಂದೆ ಇರಲೇ ಇಲ್ಲ, ಮುಂದೆ ಇತ್ತು. ಮೂತಿ ಸದಾ ಮೇಲೆ ಕೆಳಗೆ ಕುಣಿಯುತ್ತಿತ್ತು. ಅವರು ಸೈಕಲ್ ರಿಪೇರಿಯವರು. ಸೈಕಲ್ ಕೂಡ ತಾನಾಗಿ ನಿಲ್ಲುವುದಿಲ್ಲ, ಓಡಿಸುವವನೇ ನಿಲ್ಲಿಸಬೇಕು. ವಿಮಾನವೂ ಹಾಗೇ ಇರಲಿ ಅಂದುಕೊಂಡರೇನೋ ಅಂತ ನನಗೆ ಅನ್ನಿಸುತ್ತದೆ.

ಮೊದಲ ಮಹಾಯುದ್ಧದ ಹೊತ್ತಿಗೆ ಬಾಲ ಹಿಂದಕ್ಕೆ ಬಂದಿತ್ತು. ಬ್ರಿಟಿಷರ ಬಿಇ-2ಸಿ ಅನ್ನುವ ವಿಮಾನ ಎಷ್ಟು ಸಾಧು ಅಂದರೆ, ಪೈಲಟ್ ಕೈ ಬಿಟ್ಟರೂ ನೆಟ್ಟಗೆ ಹೋಗುತ್ತಿತ್ತು. ಶತ್ರುವಿನ ಸಾಲು ನೋಡಿ ಬರಲು ಇದಕ್ಕಿಂತ ಒಳ್ಳೆಯದು ಬೇಕಾ? ಆದರೆ 1915ರಲ್ಲಿ ಜರ್ಮನ್ನರು ಫಾಕರ್ ವಿಮಾನದಲ್ಲಿ, ತಿರುಗುವ ಪ್ರೊಪೆಲರ್ ಅಲಗುಗಳ ನಡುವಿನಿಂದ ಗುಂಡು ಹಾರುವ ಬಂದೂಕು ತಂದರು. ಸಾಧುವಾಗಿದ್ದೇ ಬಿಇ-2ಸಿಗೆ ಮುಳುವಾಯಿತು. ಥಟ್ಟನೆ ತಿರುಗಿ ತಪ್ಪಿಸಿಕೊಳ್ಳಲು ಅದಕ್ಕೆ ಬರುತ್ತಿರಲಿಲ್ಲ. ಎರಡು ವರ್ಷ ಬಿಟ್ಟು ಬಂದ ಸಾಪ್‌ವಿತ್ ಕ್ಯಾಮಲ್ ತದ್ವಿರುದ್ಧ. ಕಣ್ಣು ಮುಚ್ಚಿ ತೆಗೆಯುವುದರೊಳಗೆ ತಿರುಗುತ್ತಿತ್ತು. ಶತ್ರುಗಳನ್ನು ಕೆಡವಿತು, ಕಲಿಯಲು ಹತ್ತಿದ ತನ್ನ ಕಡೆಯ ಹುಡುಗರನ್ನೂ ಜಾಸ್ತಿಯೇ ಕೊಂದಿತು.

ಪಟ ಹಾರಿಸಿದವರಿಗೆ ಇದು ಗೊತ್ತಿರುವ ವಿಷಯವೇ. ಪೇಚ್ ಹಾಕುವ, ಅಂದರೆ ಒಬ್ಬರ ದಾರವನ್ನು ಇನ್ನೊಬ್ಬರು ಕತ್ತರಿಸುವ ಆಟದ ಪಟ ನೋಡಿ. ಅದಕ್ಕೆ ಬಾಲಂಗೋಚಿ ಇರುವುದಿಲ್ಲ. ದಾರ ಸಡಿಲ ಬಿಟ್ಟರೆ ಪಟ ಸುತ್ತುತ್ತದೆ. ಮೂತಿ ಬೇಕಾದ ದಿಕ್ಕಿಗೆ ಬಂದ ಕ್ಷಣಕ್ಕೆ ಜಗ್ಗಿದರೆ ಅತ್ತ ಕಡೆ ನುಗ್ಗುತ್ತದೆ. ಬಾಲಂಗೋಚಿ ಮಾಡಬೇಕಾದ ಕೆಲಸವನ್ನು ಬೆರಳು ಮಾಡುತ್ತಿರುತ್ತದೆ. ಕಾದಾಡುವ ಪಟಕ್ಕೆ ಬಾಲ ಭಾರ.

ಕಾದಾಡುವ ವಿಮಾನಕ್ಕೂ ಅಷ್ಟೇ. ಆದರೆ ಗಂಟೆಗೆ ಸಾವಿರ ಕಿಲೋಮೀಟರ್ ಓಡುವಾಗ ಮನುಷ್ಯನ ಬೆರಳು ಸಾಲದು. ಅದಕ್ಕೇ ಕಂಪ್ಯೂಟರ್ ಬರುವವರೆಗೂ ಕಾಯಬೇಕಾಯಿತು. 1974ರಲ್ಲಿ ಹಾರಿದ ಅಮೆರಿಕದ ಎಫ್-16 ಬೇಕಂತಲೇ ಅಸ್ಥಿರವಾಗಿ ಮಾಡಿದ ವಿಮಾನ. ಪೈಲಟ್ ಕಡ್ಡಿ ಅಲ್ಲಾಡಿಸಿದರೆ ಸಂಕೇತ ತಂತಿಯಲ್ಲಿ ಕಂಪ್ಯೂಟರಿಗೆ ಹೋಗುತ್ತದೆ. ರೆಕ್ಕೆ, ಬಾಲದ ಹಲಗೆಗಳನ್ನು ಎಷ್ಟು ಮಡಿಸಬೇಕು ಅನ್ನುವುದು ಕಂಪ್ಯೂಟರಿನ ಲೆಕ್ಕ. ಕ್ಷಣ ಕ್ಷಣಕ್ಕೂ ಅದು ತಿದ್ದುತ್ತಲೇ ಇರುತ್ತದೆ.

ನಮ್ಮ ತೇಜಸ್ ಇನ್ನೂ ಒಂದು ಹೆಜ್ಜೆ ಮುಂದೆ. ತ್ರಿಕೋನ ರೆಕ್ಕೆ, ಮಲಗಿದ ಬಾಲ ಇಲ್ಲವೇ ಇಲ್ಲ, ನೆಟ್ಟಗಿನದು ಮಾತ್ರ. 1998ರ ಪೋಖ್ರಾನ್ ಅಣುಪರೀಕ್ಷೆಯ ನಂತರ ಅಮೆರಿಕ ದಿಗ್ಬಂಧನ ಹಾಕಿದಾಗ ಈ ಹಾರಾಟ ನಿಯಂತ್ರಣದ ಕೆಲಸಕ್ಕೇ ಪೆಟ್ಟು ಬಿತ್ತು. ಆ ಕೆಲಸಕ್ಕಾಗಿ ಅಲ್ಲಿದ್ದ ನಮ್ಮ ಎಂಜಿನಿಯರುಗಳು ವಾಪಸ್ ಬರಬೇಕಾಯಿತು. ಉಳಿದದ್ದನ್ನು ಇಲ್ಲೇ ಮುಗಿಸಿದರು. 2001ರ ಜನವರಿ 4ರಂದು ಬೆಂಗಳೂರಿನಲ್ಲಿ ತೇಜಸ್ ಹಾರಿತು.

ಅರ್ಧ ಬಾಲ ಹೋಯಿತು. ಉಳಿದರ್ಧಕ್ಕೆ ಕುತ್ತು ತಂದದ್ದು ರೇಡಾರ್. ಮನೆಯಲ್ಲಿ ಸೈಕಲ್ ಇದ್ದರೆ ಹಿಂದಿನ ಮಡ್‌ಗಾರ್ಡಿನ ಕೆಂಪು ರಿಫ್ಲೆಕ್ಟರನ್ನು ಹತ್ತಿರದಿಂದ ನೋಡಿ. ಒಳಗೆ ಜೇನುಗೂಡಿನ ಹಾಗೆ ಚಿಕ್ಕ ಚಿಕ್ಕ ಗುಳಿಗಳಿವೆ. ಒಂದೊಂದು ಗುಳಿಯೂ ಮೂರು ಗೋಡೆ ಸೇರಿದ ಕೋಣೆಯ ಮೂಲೆ ಇದ್ದ ಹಾಗೆ. ಇಂಥ ಮೂಲೆಗೆ ಬೆಳಕು ಯಾವ ಕಡೆಯಿಂದ ಬಿದ್ದರೂ ಬಂದ ದಾರಿಯಲ್ಲೇ ವಾಪಸ್ ಹೋಗುತ್ತದೆ. ರಾತ್ರಿ ಲಾರಿಯ ದೀಪಕ್ಕೆ ಸೈಕಲ್ ಹೊಳೆಯುವುದು ಅದಕ್ಕೇ. ಈಗ ವಿಮಾನ ನೆನೆಸಿಕೊಳ್ಳಿ. ನೆಟ್ಟಗಿನ ಬಾಲ ಮೈಗೆ ಸೇರುವ ಕಡೆ ಒಂದು ಮೂಲೆ, ಮಲಗಿದ ಬಾಲಕ್ಕೆ ಸೇರುವ ಕಡೆ ಇನ್ನೊಂದು. ರೇಡಾರಿನ ಅಲೆಗೆ ಇವೆಲ್ಲ ರಿಫ್ಲೆಕ್ಟರುಗಳೇ, ಇಲ್ಲಿದ್ದೇನೆ ಅಂತ ಕೂಗಿ ಹೇಳಿದ ಹಾಗೆ.

ಹಾಗಾದರೆ ಬರೀ ರೆಕ್ಕೆಯನ್ನೇ ಹಾರಿಸಿದರೆ? ಅಮೆರಿಕದ ವಿಮಾನ ವಿನ್ಯಾಸಕ ಜ್ಯಾಕ್ ನಾರ್ತ್ರಪ್‌ಗೆ ಈ ಹುಚ್ಚು ರೇಡಾರಿನ ಯೋಚನೆಗಿಂತ ಮೊದಲೇ ಹಿಡಿದಿತ್ತು. ಬಾಲ, ಹೊಟ್ಟೆ ಎಲ್ಲ ದಂಡದ ಭಾರ, ಮೇಲೆತ್ತುವುದು ರೆಕ್ಕೆ ಮಾತ್ರ ಅನ್ನುವುದು ಅವರ ಲೆಕ್ಕ. 1947ರಲ್ಲಿ ಅವರ ಜೆಟ್ ಬಾಂಬರ್ ವೈಬಿ-49 ಹಾರಿತು. ಹಿಂದೆ ನಾಲ್ಕು ಚಿಕ್ಕ ಹಲಗೆ ನಿಲ್ಲಿಸಿದ್ದರೂ ಮೂತಿ ಎಡಕ್ಕೂ ಬಲಕ್ಕೂ ತೂಗಾಡುವುದು ನಿಲ್ಲಲಿಲ್ಲ. 1948ರ ಜೂನ್ 5ರಂದು ಅಂಥದೊಂದು ವಿಮಾನ ಒಡೆದು ಬಿದ್ದು ಐದೂ ಜನ ಸತ್ತರು. ಅವರಲ್ಲಿ ಒಬ್ಬರಾದ ಗ್ಲೆನ್ ಎಡ್ವರ್ಡ್ಸ್ ಹೆಸರನ್ನೇ ಕ್ಯಾಲಿಫೋರ್ನಿಯಾದ ದೊಡ್ಡ ಪರೀಕ್ಷಾ ನೆಲೆಗೆ ಇಟ್ಟರು. ಯೋಜನೆ ರದ್ದಾಯಿತು.

1980ರಲ್ಲಿ ನಾರ್ತ್ರಪ್ ಕಾಯಿಲೆಯಿಂದ ಮೆತ್ತಗಾಗಿದ್ದರು. ಆಗ ಅವರ ಹಳೇ ಕಂಪನಿ ಅವರಿಗೆ ಒಂದು ಗುಟ್ಟಿನ ಮಾದರಿ ತೋರಿಸಿತು, ಬಿ-2 ಬಾಂಬರಿನದು. ಬಾಲವಿಲ್ಲ, ಬರೀ ರೆಕ್ಕೆ. ಮರುವರ್ಷ ಅವರು ತೀರಿಕೊಂಡರು. ಬಿ-2 ಹಾರಿದ್ದು 1989ರಲ್ಲಿ. ಅದರ ರೆಕ್ಕೆಯ ಅಗಲ 172 ಅಡಿ. ವೈಬಿ-49ರದೂ ಸರಿಯಾಗಿ ಅಷ್ಟೇ ಇತ್ತು. ನಡುವೆ ಬಂದದ್ದು ಕಂಪ್ಯೂಟರ್.

ಬಾಲವಿಲ್ಲದೆ ತಿರುಗುವುದು ಹೇಗೆ? ಎತ್ತಿನ ಗಾಡಿಯ ಹಾಗೆ. ಎಡಕ್ಕೆ ಹೊರಳಬೇಕಾದರೆ ಎಡಗಡೆ ಎತ್ತಿನ ಹಗ್ಗ ಜಗ್ಗುತ್ತಾರೆ, ಅದು ನಿಧಾನವಾಗುತ್ತದೆ, ಗಾಡಿ ತಿರುಗುತ್ತದೆ. ಬಿ-2ರ ರೆಕ್ಕೆಯ ತುದಿಯಲ್ಲಿ ಮೊಸಳೆ ಬಾಯಿಯ ಹಾಗೆ ಮೇಲೆ ಕೆಳಗೆ ತೆರೆಯುವ ಹಲಗೆಗಳಿವೆ. ಎಡಗಡೆಯದು ಬಾಯಿ ತೆರೆದರೆ ಆ ಕಡೆ ಗಾಳಿ ತಡೆಯುತ್ತದೆ, ವಿಮಾನ ಎಡಕ್ಕೆ ಹೊರಳುತ್ತದೆ.

ಎತ್ತಿನ ಹೋಲಿಕೆ ಸುಮ್ನೆ ಬಂದದ್ದಲ್ಲ. ಈಗ ಚಳ್ಳಕೆರೆಯ ಆ ರನ್‌ವೇ ಇರುವುದು ಅಮೃತಮಹಲ್ ಕಾವಲಿನಲ್ಲಿ, ಅಂದರೆ ಆ ದನಗಳಿಗೆ ಬಿಟ್ಟಿದ್ದ ಹುಲ್ಲುಗಾವಲಿನಲ್ಲಿ. ಹೈದರ್, ಟಿಪ್ಪುವಿನ ಫಿರಂಗಿ ಎಳೆದ ಎತ್ತುಗಳ ತಳಿ ಇಂಥ ಕಾವಲುಗಳಲ್ಲೇ ಮೇಯುತ್ತಿತ್ತು. ನೆಲ ಆಗಲೂ ದಂಡಿಗೇ ಮೀಸಲು. ಆದರೆ ಆಗ ಹುಲ್ಲಾದರೂ ಉಳಿದಿತ್ತು. ಮೇವು ಹೋಯಿತು ಅನ್ನುವ ಸುತ್ತಲ ಹಳ್ಳಿಗಳವರ ಜಗಳ ರಾಷ್ಟ್ರೀಯ ಹಸಿರು ನ್ಯಾಯಮಂಡಳಿವರೆಗೂ ಹೋಗಿತ್ತು.

ಇಲ್ಲಿ ಹಾರಿದ ವಿಮಾನ ಬೆಂಗಳೂರಿನ ವೈಮಾನಿಕ ಅಭಿವೃದ್ಧಿ ಸಂಸ್ಥೆ ಮಾಡಿದ್ದು. ಅದರ ಮೊದಲ ಹಾರಾಟ 2022ರ ಜುಲೈ 1ರಂದು. 2023ರ ಡಿಸೆಂಬರಿನ ಹಾರಾಟದಲ್ಲಿ ಇಳಿಯುವಾಗ ನೆಲದ ಮೇಲಿನ ರೇಡಾರಿನ ಸಹಾಯವೂ ಇರಲಿಲ್ಲ. ತನ್ನ ಸೆನ್ಸರುಗಳನ್ನೂ ಉಪಗ್ರಹ ಆಧಾರಿತ ಗಗನ್ ವ್ಯವಸ್ಥೆಯನ್ನೂ ನೋಡಿಕೊಂಡು ತಾನೇ ರನ್‌ವೇ ಹುಡುಕಿ ಇಳಿಯಿತು.

ಇದಕ್ಕೆ ನಾಲ್ಕು ತಿಂಗಳ ಹಿಂದೆ, ಆಗಸ್ಟ್ 20ರಂದು, ತಪಸ್ ಅನ್ನುವ ಇನ್ನೊಂದು ಪೈಲಟ್ ಇಲ್ಲದ ವಿಮಾನ ಹಿರಿಯೂರು ತಾಲ್ಲೂಕಿನ ವದ್ದಿಕೆರೆ ಹತ್ತಿರ ಹೊಲಕ್ಕೆ ಬಿದ್ದಿತ್ತು. ಊರವರೆಲ್ಲ ಓಡಿಬಂದು ಸುತ್ತ ನಿಂತರು. ಅದಕ್ಕೆ ಬಾಲ ಇತ್ತು.