ಮೊದಲು ಕರಿದವರು ಯಾರು ಅಂತ ಕೇಳಬೇಡಿ

ನಾನು ಬ್ರಿಟನ್ನಿನ ಆಹಾರ ಚರಿತ್ರೆ ಅಭ್ಯಾಸ ಮಾಡುವವಳು ಅಂತ ಗೊತ್ತಾದರೆ ಸಾಕು, ಟಿವಿಯವರಿಂದ ಹಿಡಿದು ಮದುವೆ ಊಟದಲ್ಲಿ ಪಕ್ಕದ ಎಲೆಗೆ ಕೂತವರ ತನಕ ಎಲ್ಲರದ್ದೂ ಒಂದೇ ಪ್ರಶ್ನೆ: ಫಿಶ್ ಅಂಡ್ ಚಿಪ್ಸ್ (ಕರಿದ ಮೀನು, ಜೊತೆಗೆ ಕರಿದ ಆಲೂಗಡ್ಡೆ ಹೋಳು) ಮೊದಲು ಮಾರಿದ್ದು ಯಾರು? ಹೆಸರು ಬೇಕೇ ಬೇಕು ಅನ್ನುವವರಿಗೆ ಎರಡಿವೆ. 1860ರ ಸುಮಾರಿಗೆ ಪೂರ್ವ ಲಂಡನ್ನಿನ ಜೋಸೆಫ್ ಮ್ಯಾಲಿನ್, 1863ರ ಹೊತ್ತಿಗೆ ಮ್ಯಾಂಚೆಸ್ಟರ್ ಬಳಿಯ ಮಾಸ್ಲಿಯ ಜಾನ್ ಲೀಸ್. ಎರಡೂ ಕಡೆ ದಾಖಲೆಗಿಂತ ಊರಭಿಮಾನವೇ ಜಾಸ್ತಿ. ಯಾರನ್ನಾದರೂ ಆರಿಸಿಕೊಳ್ಳಿ, ನನ್ನನ್ನು ಬಿಟ್ಟುಬಿಡಿ.

ಕೇಳಬೇಕಾದ್ದು, ಅಂಗಡಿಯಿಂದ ಕರಿದ ಮೀನು ತಂದ ರಾತ್ರಿ ಮನೆಯ ಒಲೆ ಯಾಕೆ ಉರಿಯಲಿಲ್ಲ ಅಂತ. ಉತ್ತರ ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್, ಬರ್ನ್ಲಿಯಂಥ ನೇಯ್ಗೆ ಊರುಗಳಲ್ಲಿ ಮದುವೆಯಾದ ಮೇಲೂ ಎಷ್ಟೋ ಹೆಂಗಸರು ಗಿರಣಿ ಕೆಲಸ ಬಿಡುತ್ತಿರಲಿಲ್ಲ. ಹಗಲೆಲ್ಲ ಮಗ್ಗದ ಮುಂದೆ ನಿಂತು ಬಂದವಳು ಕಲ್ಲಿದ್ದಲು ಹೊತ್ತಿಸಿ, ಕಾವೇರುವ ತನಕ ಕಾದು, ಆಮೇಲೆ ಬಾಣಲೆ ತುಂಬ ಕೊಬ್ಬು ಕಾಯಿಸಬೇಕು. ಒಂದು ಮನೆಗೋಸ್ಕರ ಅಷ್ಟು ಇದ್ದಲು, ಅಷ್ಟು ಕೊಬ್ಬು, ಅಷ್ಟು ಹೊತ್ತು! ಅಂಗಡಿಯವನು ಅದೇ ಒಂದು ಬೆಂಕಿಯಲ್ಲಿ ಇಡೀ ಬೀದಿಗೆ ಕರಿಯುತ್ತಿದ್ದ. ಇನ್ನೊಮ್ಮೆ ಹೇಳುತ್ತೇನೆ, ಜನ ಜಾರುವುದು ಇಲ್ಲೇ: ಅವರು ಕೊಂಡದ್ದು ಬರೀ ಮೀನನ್ನಲ್ಲ, ಇದ್ದಲನ್ನೂ ಹೊತ್ತನ್ನೂ ಸೇರಿಸಿ ಕೊಂಡರು. ಯೆಹೂದಿಗಳ ಕರಿದ ಮೀನು ಲಂಡನ್ನಿನ ಬೀದಿಗಳಲ್ಲಿ 1860ಕ್ಕೂ ಮುಂಚಿನಿಂದಲೇ ಇತ್ತು. 1880ರ ದಶಕದಲ್ಲಿ ಹಬೆಯ ಮೀನುಗಾರಿಕೆ ಹಡಗುಗಳು ಬಂದು, ಗ್ರಿಮ್ಸ್‌ಬಿ ಬಂದರಿನ ಮೀನು ಮಂಜುಗಡ್ಡೆಯಲ್ಲಿ ಕೂತು ರೈಲಿನಲ್ಲಿ ಗಿರಣಿ ಊರುಗಳಿಗೆ ಅಗ್ಗವಾಗಿ ತಲುಪಿದ ಮೇಲೆ ಅಂಗಡಿಗಳು ಬೀದಿಬೀದಿಗೆ ಎದ್ದವು. 1910ರ ವೇಳೆಗೆ ಬ್ರಿಟನ್ನಿನಾದ್ಯಂತ ಸುಮಾರು 25,000.

ಎಲ್ಲ ಊರಿಗೂ ಹೆಂಗಸರ ಗಿರಣಿ ಕೆಲಸವೊಂದೇ ಕಾರಣ ಅನ್ನಲಾರೆ. ದಕ್ಷಿಣ ವೇಲ್ಸ್‌ನ ಗಣಿ ಕಣಿವೆಗಳಲ್ಲಿ ಮದುವೆಯಾದ ಹೆಂಗಸರು ಹೊರಗೆ ದುಡಿಯುತ್ತಿದ್ದದ್ದು ಕಡಿಮೆ, ಆದರೂ ಅಂಗಡಿಗಳು ಅಲ್ಲೂ ಇದ್ದವು.

ಪ್ರೆಸ್ಟನ್ ಅನ್ನುವ ಗಿರಣಿ ಊರಿನಲ್ಲಿ ಒಬ್ಬ ಅಜ್ಜಿ ನನಗೆ ಹೇಳಿದ್ದರು: ಅವರಮ್ಮ ಬೋಗುಣಿ ಕೊಟ್ಟು, ಮೇಲೆ ಬಟ್ಟೆ ಮುಚ್ಚಿಸಿ ಇವರನ್ನು ಅಂಗಡಿಗೆ ಕಳಿಸುತ್ತಿದ್ದರಂತೆ. ಬಿಸಿ ಆರದಿರಲಿ ಅಂತ ಬಟ್ಟೆ ಅಂದುಕೊಂಡೆ. 'ಅದೂ ಇತ್ತು, ಪಕ್ಕದ ಮನೆಯವರ ಕಣ್ಣಿಗೆ ಬೀಳಬಾರದು ಅಂತಲೂ ಇತ್ತು' ಅಂದು ನಕ್ಕರು. ಉಳ್ಳವರ ದೃಷ್ಟಿಯಲ್ಲಿ ಅಂಗಡಿಯ ಮೀನು ಅಂದರೆ ಸೋಮಾರಿ ಹೆಂಡತಿಯ ಅಡುಗೆ. ಕಾನೂನಿನಲ್ಲೂ ಈ ಕಸುಬು ದುರ್ನಾತದ ಉದ್ಯಮಗಳ ಪಟ್ಟಿಯಲ್ಲಿತ್ತು, 1940ರ ತನಕ. ಅದೇ 1940ರಲ್ಲಿ, ಎರಡನೇ ಮಹಾಯುದ್ಧದ ನಡುವೆ, ಬೆಣ್ಣೆ, ಸಕ್ಕರೆ, ಮಾಂಸಕ್ಕೆಲ್ಲ ರೇಷನ್ ಬಂತು, ಅಂದರೆ ತಲೆಗಿಷ್ಟೇ ಅನ್ನುವ ಮಿತಿ. ಫಿಶ್ ಅಂಡ್ ಚಿಪ್ಸ್‌ಗೆ ಮಾತ್ರ ಯುದ್ಧದುದ್ದಕ್ಕೂ ಆ ಮಿತಿ ಬರಲೇ ಇಲ್ಲ. ಸೋಮಾರಿ ಹೆಂಡತಿಯ ಅಡುಗೆಯೇ ಆಗ ಸರ್ಕಾರಕ್ಕೂ ಬೇಕಾಯಿತು.

ಅಂದಹಾಗೆ, ಓದಲು ಲೀಡ್ಸ್ ಕಡೆ ಹೋಗುವ ನಮ್ಮ ಸಸ್ಯಾಹಾರಿ ಮಕ್ಕಳಿಗೆ ಒಂದು ಮಾತು. ಲೀಡ್ಸ್ ಇರುವ ಯಾರ್ಕ್‌ಷೈರಿನ ಎಷ್ಟೋ ಅಂಗಡಿಗಳಲ್ಲಿ ಇವತ್ತಿಗೂ ಕರಿಯುವುದು ದನದ ಕೊಬ್ಬಿನಲ್ಲೇ. ಬರೀ ಆಲೂಗಡ್ಡೆ ತಾನೆ ಅಂತ ಚಿಪ್ಸ್ ಕೊಳ್ಳಬೇಡಿ, ಯಾವುದರಲ್ಲಿ ಕರಿದಿದ್ದೀರಿ ಅಂತ ಕೇಳಿ. ಅವರೇನೂ ಬೇಜಾರು ಮಾಡಿಕೊಳ್ಳುವುದಿಲ್ಲ, ಹೆಮ್ಮೆಯಿಂದಲೇ ಹೇಳುತ್ತಾರೆ.