ಸನ್ಶೋ ದಾಯು: ಮಾರಿದವರು ಯಾರು, ಲಾಭ ಯಾರಿಗೆ?

ಜಪಾನಿನ ನಿರ್ದೇಶಕ ಕೆಂಜಿ ಮಿಜೋಗುಚಿ 1954ರಲ್ಲಿ ತೆಗೆದ ‘ಸನ್ಶೋ ದಾಯು’ ಚಿತ್ರವನ್ನು ತಾಯಿ-ಮಕ್ಕಳ ಗೋಳಿನ ಕಥೆ ಅಂತ ನೋಡಿ ಮುಗಿಸುವವರೇ ಜಾಸ್ತಿ. ಎರಡನೇ ಸಲ ನೋಡುವಾಗ ಕಣ್ಣೀರು ಒರೆಸಿಕೊಂಡು ವ್ಯವಹಾರದ ಕಡೆ ಗಮನ ಕೊಡಿ.

ಕಾಲ ಜಪಾನಿನ ಹೇಯಾನ್ ಯುಗದ (ಸುಮಾರು 8ರಿಂದ 12ನೇ ಶತಮಾನ) ಕೊನೆ. ರೈತರ ಪರ ನಿಂತ ಅಧಿಕಾರಿಯೊಬ್ಬನನ್ನು ಗಡೀಪಾರು ಮಾಡುತ್ತಾರೆ. ವರ್ಷಗಳ ನಂತರ ಹೆಂಡತಿ ತಮಾಕಿ, ಮಗ ಜುಶಿಯೋ, ಮಗಳು ಅಂಜು ಅವನಿದ್ದಲ್ಲಿಗೆ ಹೊರಡುತ್ತಾರೆ. ದಾರಿಯಲ್ಲಿ ಕತ್ತಲಾದರೂ ಯಾರೂ ಮನೆಗೆ ಸೇರಿಸುವುದಿಲ್ಲ. ಯಾಕೆಂದರೆ ಮನುಷ್ಯರನ್ನು ಹಿಡಿದು ಮಾರುವವರ ಕಾಟ ತಪ್ಪಿಸಲು ಪರಸ್ಥಳದವರಿಗೆ ಜಾಗ ಕೊಡಬಾರದು ಅಂತ ಸರ್ಕಾರದ್ದೇ ಕಟ್ಟಪ್ಪಣೆ! ಬಯಲಲ್ಲಿ ಮಲಗಿದವರನ್ನು ಪೂಜಾರಿಣಿ ವೇಷದ ಹೆಂಗಸು ಅಕ್ಕರೆಯಿಂದ ಕರೆದು ಊಟ ಹಾಕುತ್ತಾಳೆ. ದೋಣಿಯಲ್ಲಿ ಹೋದರೆ ಸುಲಭ ಅನ್ನುತ್ತಾಳೆ. ಬೆಳಿಗ್ಗೆ ತಾಯಿ ದೋಣಿಯಲ್ಲಿ, ಮಕ್ಕಳು ದಡದಲ್ಲಿ. ಅವಳನ್ನು ಸಾಡೋ ದ್ವೀಪದ ವೇಶ್ಯಾಗೃಹಕ್ಕೆ, ಮಕ್ಕಳನ್ನು ತಾಂಗೋ ಪ್ರಾಂತ್ಯದ ಸನ್ಶೋಗೆ ಮಾರುತ್ತಾರೆ. ಕಳ್ಳರನ್ನು ತಡೆಯುವ ಕಾನೂನೇ ಇವರನ್ನು ಕಳ್ಳರ ಕೈಗೆ ದೂಡಿತು, ಅಲ್ವಾ? ಇಡೀ ಚಿತ್ರದ ಬೀಗದ ಕೈ ಇಲ್ಲೇ ಇದೆ ಅನ್ನುವುದು ನನ್ನ ಅಭಿಪ್ರಾಯ.

ಸನ್ಶೋ ಜಮೀನಿನ ಒಡೆಯನಲ್ಲ, ಬರೀ ಪಾರುಪತ್ತೇದಾರ. ಜಮೀನು ರಾಜಧಾನಿಯ ದೊಡ್ಡ ಮಂತ್ರಿಯದು. ಮೇಲಿಂದ ಬಂದ ದೂತನಿಗೆ ಭರ್ಜರಿ ಔತಣ, ಹೊಗಳಿಕೆ. ಓಡಿಹೋಗಲು ನೋಡಿದ ಜೀತದಾಳಿನ ಹಣೆಗೆ ಕಾದ ಕಬ್ಬಿಣದ ಬರೆ. ಈ ಕೆಲಸಕ್ಕೆ ಸನ್ಶೋನ ಸ್ವಂತ ಮಗನೇ ಒಪ್ಪುವುದಿಲ್ಲ. ಆದರೆ ದೊಡ್ಡವನಾದ ಜುಶಿಯೋ ಒಬ್ಬ ಮುದುಕನಿಗೆ ಬರೆ ಹಾಕುತ್ತಾನೆ. ದಯೆ ಇಲ್ಲದವನು ಮನುಷ್ಯನೇ ಅಲ್ಲ ಅಂತ ಅಪ್ಪ ಬಾಯಿಪಾಠ ಮಾಡಿಸಿದ ಹುಡುಗ ಇವನು. ಜೀತ ಅವನ ಮೈಯನ್ನಷ್ಟೇ ಅಲ್ಲ, ಮನಸ್ಸನ್ನೂ ಕೊಂಡುಕೊಂಡಿದೆ.

ಈಗ ಕೊನೆಯ ಭಾಗ, ಹೋಲಿಸಿ ಓದಲು ತುಂಬಾ ರುಚಿ. ಇದೇ ಕಥೆಯ ಹಳೇ ಜನಪದ ರೂಪದಲ್ಲಿ ಸನ್ಶೋನ ಕತ್ತನ್ನು ಬಿದಿರಿನ ಗರಗಸದಿಂದ ಕುಯ್ಯುತ್ತಾರೆ. ಜಪಾನಿ ಲೇಖಕ ಮೋರಿ ಓಗಾಯ್ 1915ರಲ್ಲಿ ಇದನ್ನೇ ಮತ್ತೆ ಬರೆದ ಕಥೆಯಲ್ಲಿ ಶಿಕ್ಷೆಯೇ ಇಲ್ಲ. ಆಳುಗಳಿಗೆ ಕೂಲಿ ಕೊಡಲು ಶುರುಮಾಡಿದ ಸನ್ಶೋ ಇನ್ನಷ್ಟು ಸಿರಿವಂತನಾಗುತ್ತಾನೆ. ಮಿಜೋಗುಚಿ ಎರಡನ್ನೂ ಬಿಟ್ಟರು. ಇಲ್ಲಿ ಜೀತದಿಂದ ತಪ್ಪಿಸಿಕೊಂಡು ಮುಂದೆ ತಾಂಗೋದ ಅಧಿಪತಿಯಾದ ಜುಶಿಯೋಗೆ ಖಾಸಗಿ ಜಮೀನಿನ ಮೇಲೆ ಅಧಿಕಾರವೇ ಇಲ್ಲ. ಆದರೂ ಜೀತ ರದ್ದು ಮಾಡಿ, ಸನ್ಶೋನನ್ನು ಗಡೀಪಾರು ಮಾಡಿ, ತಾನೂ ರಾಜೀನಾಮೆ ಕೊಡುತ್ತಾನೆ. ಆ ದೊಡ್ಡ ಮಂತ್ರಿಗೆ ಮಾತ್ರ ಯಾವ ಶಿಕ್ಷೆಯೂ ಇಲ್ಲ.